ಗ್ಲುಟೆನ್ ಮಾರುವವನಿಗೆ ಮೊದಲು ಪಿಷ್ಟದ ಚಿಂತೆ: ಆಸ್ಟ್ರೇಲಿಯಾದ ಗೋಧಿ ಉದ್ಯಮದ ಒಳಲೆಕ್ಕ

ಸಿಡ್ನಿಯಿಂದ ದಕ್ಷಿಣಕ್ಕೆ ಸುಮಾರು 160 ಕಿಲೋಮೀಟರ್ ದೂರದಲ್ಲಿ, ಶೋಲ್‌ಹೇವನ್ ನದಿಯ ದಡದಲ್ಲಿ ಬೊಮಡೆರಿ ಎಂಬ ಊರಿದೆ. ಕರಾವಳಿಯ ರೈಲು ಹಳಿ ಅಲ್ಲಿಗೆ ಮುಗಿಯುತ್ತದೆ. ಮನಿಲ್ಡ್ರಾ, ಗನ್ನಡಾ, ನರಾಂಡೆರಾ ಎಂಬ ಒಳನಾಡಿನ ಊರುಗಳ ಗಿರಣಿಗಳಲ್ಲಿ ಬೀಸಿದ ಗೋಧಿ ಹಿಟ್ಟು ರೈಲಿನಲ್ಲಿ ಇಲ್ಲಿಗೆ ಬರುತ್ತದೆ. ಇಲ್ಲಿರುವುದು ಮನಿಲ್ಡ್ರಾ ಸಮೂಹದ ಶೋಲ್‌ಹೇವನ್ ಸ್ಟಾರ್ಚಸ್ ಕಾರ್ಖಾನೆ. ಒಳಗೆ ಹೋದ ಹಿಟ್ಟು ಗ್ಲುಟೆನ್ (ಕಲಸಿದ ಹಿಟ್ಟಿಗೆ ಹಿಗ್ಗುವ ಗುಣ ಕೊಡುವ ಗೋಧಿಯ ಪ್ರೋಟೀನ್), ಪಿಷ್ಟ, ಗ್ಲೂಕೋಸ್ ಪಾಕ, ಎಥನಾಲ್ ಮತ್ತು ದನಗಳ ಮೇವಾಗಿ ಹೊರಬರುತ್ತದೆ. ಇವುಗಳಲ್ಲಿ ಗ್ಲುಟೆನ್‌ಗೆ ದಶಕಗಳಿಂದ ದೊಡ್ಡ ಗಿರಾಕಿ ಅಮೆರಿಕ.

ಗೋಧಿ ಹೆಚ್ಚು ಬೆಳೆಯುವ ದೇಶ ಗ್ಲುಟೆನನ್ನೂ ಹೆಚ್ಚು ಮಾರುತ್ತದೆ ಎಂದು ಅನ್ನಿಸುವುದು ಸಹಜ. ಭಾರತ ವರ್ಷಕ್ಕೆ 11 ಕೋಟಿ ಟನ್‌ಗೂ ಹೆಚ್ಚು ಗೋಧಿ ಬೆಳೆಯುತ್ತದೆ. ಆಸ್ಟ್ರೇಲಿಯಾ ಅತಿ ಒಳ್ಳೆಯ ವರ್ಷದಲ್ಲೂ 4 ಕೋಟಿ ಟನ್ ಆಸುಪಾಸಿನಲ್ಲೇ ನಿಲ್ಲುತ್ತದೆ. ಆದರೂ ಗ್ಲುಟೆನ್ ಮಾರುಕಟ್ಟೆಯಲ್ಲಿ ಹೆಸರಿರುವುದು ಆಸ್ಟ್ರೇಲಿಯಾಕ್ಕೆ. ಇದಕ್ಕೆ ಕಾರಣವನ್ನು ಹೊಲದಲ್ಲಿ ಹುಡುಕಿದರೆ ಸಿಗುವುದಿಲ್ಲ. ಗ್ಲುಟೆನ್ ತೆಗೆದ ಮೇಲೆ ಉಳಿಯುವ ಪಿಷ್ಟವನ್ನು ಏನು ಮಾಡುವುದು ಎಂಬ ಪ್ರಶ್ನೆಗೆ ಉತ್ತರ ಇದ್ದವರು ಮಾತ್ರ ಈ ವ್ಯಾಪಾರದಲ್ಲಿ ನಿಲ್ಲುತ್ತಾರೆ.

ನೂರು ಕಿಲೋ ಹಿಟ್ಟಿನ ಲೆಕ್ಕ

ಶೇ 14ರಷ್ಟು ತೇವಾಂಶ, ಶೇ 11.5ರಷ್ಟು ಪ್ರೋಟೀನ್ ಇರುವ 100 ಕಿಲೋ ಮೈದಾ ತೆಗೆದುಕೊಳ್ಳೋಣ. ಇಷ್ಟು ಮೈದಾ ಬರಬೇಕಾದರೆ ಸುಮಾರು 130 ಕಿಲೋ ಗೋಧಿ ಬೀಸಬೇಕು. ಉಳಿದ 30 ಕಿಲೋ ಬೂಸಾ ಮೇವಿಗೆ ಹೋಗುತ್ತದೆ.

ಮೈದಾದ ಪ್ರೋಟೀನ್‌ನಲ್ಲಿ ಐದರಲ್ಲಿ ನಾಲ್ಕು ಪಾಲು ಮಾತ್ರ ಗ್ಲುಟೆನ್ ಕಟ್ಟುವಂಥದ್ದು. ಉಳಿದದ್ದು ನೀರಿನಲ್ಲಿ ಕರಗಿಹೋಗುತ್ತದೆ. ಹಾಗಾಗಿ 11.5 ಕಿಲೋದಲ್ಲಿ ಲೆಕ್ಕಕ್ಕೆ ಬರುವುದು 9.2 ಕಿಲೋ. ಕಾರ್ಖಾನೆಯಲ್ಲಿ ಶೇ 90ರಷ್ಟು ಕೈಗೆ ಸಿಕ್ಕಿತು ಎಂದರೆ 8.3 ಕಿಲೋ. ಮಾರುಕಟ್ಟೆಯ ಗ್ಲುಟೆನ್ ಶುದ್ಧ ಪ್ರೋಟೀನ್ ಅಲ್ಲ. ಒಣ ತೂಕದಲ್ಲಿ ಅದರ ಪ್ರೋಟೀನ್ ಶೇ 75ರ ಸುತ್ತ ಇರುತ್ತದೆ, ಉಳಿದದ್ದು ಸಿಕ್ಕಿಕೊಂಡ ಪಿಷ್ಟ, ಕೊಬ್ಬು, ನಾರು. ಎಲ್ಲ ಸೇರಿ ಶೇ 8ರ ತೇವಾಂಶದಲ್ಲಿ ಚೀಲಕ್ಕೆ ಬೀಳುವುದು 12 ಕಿಲೋ.

ಅದೇ ನೂರು ಕಿಲೋದಲ್ಲಿ ಪಿಷ್ಟ ಒಣ ತೂಕದಲ್ಲೇ 65 ಕಿಲೋ ಹತ್ತಿರ ಇರುತ್ತದೆ. ಅಂದರೆ ಒಂದು ಕಿಲೋ ಗ್ಲುಟೆನ್‌ಗೆ ಐದು ಕಿಲೋಗೂ ಮೀರಿ ಪಿಷ್ಟ. 10,000 ಟನ್ ಗ್ಲುಟೆನ್ ರಫ್ತು ಮಾಡುವ ಆಸೆಯಿದ್ದವನು ಒಂದು ಲಕ್ಷ ಟನ್‌ಗೂ ಹೆಚ್ಚು ಗೋಧಿ ಕೊಳ್ಳಬೇಕು, 50,000 ಟನ್‌ಗೂ ಹೆಚ್ಚು ಪಿಷ್ಟಕ್ಕೆ ದಾರಿ ಮಾಡಬೇಕು, ಬೂಸಾಕ್ಕೆ ಗಿರಾಕಿ ಹುಡುಕಬೇಕು.

ಗೋಧಿಯ ಪಿಷ್ಟವೂ ಒಂದೇ ಬಗೆಯದಲ್ಲ. ದೊಡ್ಡ ಕಣಗಳ ಶುದ್ಧ ಪಿಷ್ಟಕ್ಕೆ ಎ-ಪಿಷ್ಟ ಎನ್ನುತ್ತಾರೆ. ಕಾಗದ, ಆಹಾರ, ಗ್ಲೂಕೋಸ್ ಪಾಕಗಳಿಗೆ ಅದು ಸಲ್ಲುತ್ತದೆ. ಸಣ್ಣ ಕಣಗಳು, ಬೀಸುವಾಗ ಒಡೆದ ಕಣಗಳು, ನಾರಿನ ಚೂರು ಎಲ್ಲ ಕೂಡಿದ್ದು ಬಿ-ಪಿಷ್ಟ. ಇದನ್ನು ಒಳ್ಳೆಯ ಬೆಲೆಗೆ ಯಾರೂ ಕೊಳ್ಳುವುದಿಲ್ಲ. ಬಿ-ಪಿಷ್ಟವೂ ತೊಳೆದ ನೀರೂ ಹುದುಗಿಸುವ ತೊಟ್ಟಿಗೆ ಹೋದರೆ ಮಾತ್ರ ಕಾರ್ಖಾನೆಯ ಲೆಕ್ಕ ಕೂಡುತ್ತದೆ.

ತೊಳೆಯುವುದು ಸುಲಭ, ಒಣಗಿಸುವುದು ಕಷ್ಟ

ಹೋಳಿಗೆಗೆ ಕಲಸಿದ ಮೈದಾ ಕಣಕವನ್ನು ನೀರಿನಲ್ಲಿ ಹಿಸುಕುತ್ತಾ ತೊಳೆದರೆ ಬಿಳಿ ಪಿಷ್ಟ ಇಳಿದುಹೋಗಿ ಕೈಯಲ್ಲಿ ರಬ್ಬರಿನಂಥ ಮುದ್ದೆ ಉಳಿಯುತ್ತದೆ. ಇಟಲಿಯ ವಿಜ್ಞಾನಿ ಬೆಕ್ಕಾರಿ 18ನೇ ಶತಮಾನದಲ್ಲಿ ವರದಿ ಮಾಡಿದ್ದು ಇದನ್ನೇ. 19ನೇ ಶತಮಾನದ ಮಾರ್ಟಿನ್ ಪದ್ಧತಿ ಇದನ್ನೇ ಕಾರ್ಖಾನೆಗೆ ತಂದಿತು. ಆ ಪದ್ಧತಿಯಲ್ಲಿ ಕಿಲೋ ಹಿಟ್ಟಿಗೆ ಹತ್ತು ಲೀಟರ್ ನೀರು ಬೇಕಾಗುತ್ತಿತ್ತು, ಕೊಳಚೆಯೂ ಅಷ್ಟೇ. ಇಂದಿನ ಕಾರ್ಖಾನೆಗಳು ಹಿಟ್ಟನ್ನು ಬಜ್ಜಿ ಹಿಟ್ಟಿನ ಹದಕ್ಕೆ ಕಲಸಿ, ಸ್ವಲ್ಪ ಹೊತ್ತು ಬಿಟ್ಟು, ವೇಗವಾಗಿ ತಿರುಗುವ ಡಿಕ್ಯಾಂಟರ್‌ಗೆ ಹಾಕುತ್ತವೆ. ಭಾರದ ಎ-ಪಿಷ್ಟ ಒಂದು ಕಡೆ, ಗ್ಲುಟೆನ್ ಮತ್ತು ಬಿ-ಪಿಷ್ಟ ನಡುವೆ, ಲೋಳೆಯಂಥ ಪೆಂಟೋಸಾನ್ ಎಂಬ ನಾರಿನಂಶ ಇರುವ ತೆಳು ನೀರು ಇನ್ನೊಂದು ಕಡೆ ಬೇರೆಯಾಗುತ್ತವೆ. ನೀರನ್ನು ಮರುಬಳಸುವುದರಿಂದ ಕಿಲೋ ಹಿಟ್ಟಿಗೆ ಎರಡು ಮೂರು ಲೀಟರ್ ಹೊಸ ನೀರು ಸಾಕಾಗುತ್ತದೆ.

ಈ ಹಂತದಲ್ಲಿ ಕೆಡುವ ಸಂಗತಿಗಳು ಹಲವು. ಕಲಕುವ ರಭಸ ಹೆಚ್ಚಾದರೆ ಗ್ಲುಟೆನ್ ಎಳೆಗಳು ತುಂಡಾಗಿ ಜರಡಿಯಲ್ಲಿ ಪಿಷ್ಟದ ಜೊತೆ ಸೋರಿಹೋಗುತ್ತವೆ. ಕಡಿಮೆಯಾದರೆ ಎಳೆಗಳು ಮುದ್ದೆ ಕಟ್ಟುವುದೇ ಇಲ್ಲ. ನೀರು ತೀರಾ ಮೆದುವಾಗಿದ್ದರೆ, ಅಂದರೆ ಲವಣಾಂಶ ಇಲ್ಲದಿದ್ದರೆ, ಗ್ಲುಟೆನ್ ಜಾರುತ್ತದೆ. ಪೆಂಟೋಸಾನ್ ಹೆಚ್ಚಿರುವ ಗೋಧಿ ಬಂದ ದಿನ ಇಡೀ ಹಿಟ್ಟು ಅಂಟಂಟಾಗಿ ಡಿಕ್ಯಾಂಟರ್‌ನಲ್ಲಿ ಪದರ ಬಿಡುವುದಿಲ್ಲ. ಆಗ ಜೈಲನೇಸ್ ಕಿಣ್ವ ಹಾಕಿ ತೆಳುವಾಗಿಸುತ್ತಾರೆ. ನೀರು ಉಳಿಸುವ ಹುರುಪಿನಲ್ಲಿ ಅದೇ ನೀರನ್ನು ಮತ್ತೆ ಮತ್ತೆ ಸುತ್ತಿಸಿದರೆ ಹುಳಿ ಬ್ಯಾಕ್ಟೀರಿಯಾ ಬೆಳೆದು ಗ್ಲುಟೆನ್ ಮೆತ್ತಗಾಗುತ್ತದೆ, ವಾಸನೆ ಹಿಡಿಯುತ್ತದೆ.

ಗಿರಣಿಯ ಕೆಲಸವೂ ಇಲ್ಲಿ ಬೇರೆ. ಬೇಕರಿಗೆ ಹೋಗುವ ಮೈದಾದಲ್ಲಿ ಒಡೆದ ಪಿಷ್ಟ ಸ್ವಲ್ಪ ಇರಲೇಬೇಕು, ಅದು ನೀರು ಹೀರುತ್ತದೆ. ಗ್ಲುಟೆನ್ ಕಾರ್ಖಾನೆಗೆ ಅದೇ ಶತ್ರು. ಒಡೆದ ಕಣ ಎ-ಪಿಷ್ಟದಿಂದ ಬಿ-ಪಿಷ್ಟಕ್ಕೆ ಇಳಿಯುತ್ತದೆ, ಬೆಲೆಯೂ ಇಳಿಯುತ್ತದೆ. ಆದ್ದರಿಂದ ರೋಲರ್‌ಗಳ ಒತ್ತಡ ಕಡಿಮೆ ಇಟ್ಟು ಬೀಸಬೇಕು.

ನಿಜವಾದ ಕಸುಬು ಇರುವುದು ಒಣಗಿಸುವಲ್ಲಿ. ಹಿಂಡಿದ ಮೇಲೂ ಹಸಿ ಗ್ಲುಟೆನ್‌ನಲ್ಲಿ ಮೂರರಲ್ಲಿ ಎರಡು ಪಾಲು ನೀರೇ ಇರುತ್ತದೆ. ನಮ್ಮ ಲೆಕ್ಕದ 12 ಕಿಲೋ ಪುಡಿಗಾಗಿ 20 ಕಿಲೋಗೂ ಹೆಚ್ಚು ನೀರನ್ನು ಆವಿ ಮಾಡಬೇಕು. ತೇವ ಇರುವಾಗಲೇ ಶಾಖ ಹೆಚ್ಚಾದರೆ ಪ್ರೋಟೀನ್ ಸರಪಳಿಗಳ ನಡುವೆ ಗಂಧಕದ ಬಂಧಗಳು ಬಿಗಿದುಕೊಂಡು ಗ್ಲುಟೆನ್ ಸತ್ತಂತಾಗುತ್ತದೆ. ನೋಡಲು ಅದೇ ಪುಡಿ, ಪ್ರೋಟೀನ್ ಪರೀಕ್ಷೆಯಲ್ಲೂ ಅದೇ ಅಂಕಿ, ನೀರು ಹಾಕಿ ನಾದಿದರೆ ಮಾತ್ರ ಹಿಗ್ಗುವುದಿಲ್ಲ. ಇದನ್ನು ತಪ್ಪಿಸಲು ರಿಂಗ್ ಡ್ರೈಯರ್ ಬಳಸುತ್ತಾರೆ. ಈಗಾಗಲೇ ಒಣಗಿದ ಪುಡಿಯನ್ನು ಹಸಿ ಗ್ಲುಟೆನ್ ಜೊತೆ ಬೆರೆಸಿ, ಅಂಟದಂತೆ ಚೂರು ಮಾಡಿ, ಬಿಸಿ ಗಾಳಿಯಲ್ಲಿ ಸುತ್ತಿಸುತ್ತಾರೆ. ಗಾಳಿಯ ಬಿಸಿ 100 ಡಿಗ್ರಿ ದಾಟಿದ್ದರೂ ನೀರು ಆವಿಯಾಗುತ್ತಿರುವಷ್ಟು ಹೊತ್ತು ಕಣ ತಂಪಾಗಿಯೇ ಇರುತ್ತದೆ. ಹಗುರ ಕಣಗಳು ಹೊರಬೀಳುತ್ತವೆ, ಭಾರದ ತೇವದ ಕಣಗಳು ಮತ್ತೊಂದು ಸುತ್ತು ಹಾಕುತ್ತವೆ. ಒಣ ಪುಡಿಯನ್ನು ಹಿಂದಕ್ಕೆ ಬೆರೆಸುವ ಪ್ರಮಾಣ ತಪ್ಪಿದರೆ ಯಂತ್ರದ ಒಳಗೋಡೆಗೆ ಗ್ಲುಟೆನ್ ಮೆತ್ತಿ, ಅಲ್ಲೇ ಸುಟ್ಟು, ಕಂದು ಚುಕ್ಕೆಗಳಾಗಿ ಸರಕಿನಲ್ಲಿ ಕಾಣಿಸಿಕೊಳ್ಳುತ್ತದೆ. ಈ ಪುಡಿಯ ದೂಳು ಕಿಡಿ ತಗುಲಿದರೆ ಸ್ಫೋಟಿಸಬಲ್ಲದು. ಆದ್ದರಿಂದ ನೆಲ, ತೊಲೆಗಳ ಮೇಲೆ ದೂಳು ಕೂರದಂತೆ ನೋಡಿಕೊಳ್ಳುವುದು ದಿನನಿತ್ಯದ ಸುರಕ್ಷತೆಯ ಕೆಲಸ.

ಬರ ಬಂದರೆ ಒಂದು ಕಷ್ಟ, ಮಳೆ ಬಂದರೆ ಇನ್ನೊಂದು

ಆಸ್ಟ್ರೇಲಿಯಾದಲ್ಲಿ ಗೋಧಿಯನ್ನು ಪ್ರೋಟೀನ್ ನೋಡಿ ದರ್ಜೆ ಮಾಡುತ್ತಾರೆ. ಮೇಲ್ದರ್ಜೆಯ ಪ್ರೈಮ್ ಹಾರ್ಡ್‌ಗೆ ಕನಿಷ್ಠ ಶೇ 13, ಎಚ್2ಗೆ 11.5, ಪ್ರೀಮಿಯಂ ವೈಟ್‌ಗೆ 10.5. ಹೆಚ್ಚು ಪ್ರೋಟೀನ್‌ನ ಗಟ್ಟಿ ಗೋಧಿ ಮುಖ್ಯವಾಗಿ ಬರುವುದು ಉತ್ತರ ನ್ಯೂ ಸೌತ್ ವೇಲ್ಸ್ ಮತ್ತು ಕ್ವೀನ್ಸ್‌ಲ್ಯಾಂಡ್‌ನ ಹೊಲಗಳಿಂದ. ಬೊಮಡೆರಿಯ ಕಾರ್ಖಾನೆ ನೆಚ್ಚಿಕೊಂಡಿರುವ ಪೂರ್ವ ಪಟ್ಟಿ ಇದೇ. ಹಿಟ್ಟಿನ ಪ್ರೋಟೀನ್ ಶೇ 11.5ರಿಂದ 10ಕ್ಕೆ ಇಳಿದರೆ ಅಷ್ಟೇ ಹಿಟ್ಟಿನಿಂದ ಸಿಗುವ ಗ್ಲುಟೆನ್ ಎಂಟನೇ ಒಂದು ಪಾಲು ಕಡಿಮೆ. ಒಣಗಿಸುವ ಯಂತ್ರ ಕೆಲಸವಿಲ್ಲದೆ ಕಾಯುತ್ತದೆ, ಪಿಷ್ಟದ ರಾಶಿ ಬೆಳೆಯುತ್ತದೆ.

2018 ಮತ್ತು 2019ರಲ್ಲಿ ಪೂರ್ವ ಪಟ್ಟಿ ಭೀಕರ ಬರಕ್ಕೆ ಸಿಕ್ಕಿತು. 2019-20ರಲ್ಲಿ ಇಡೀ ದೇಶದ ಗೋಧಿ 1.5 ಕೋಟಿ ಟನ್ ಮುಟ್ಟಲಿಲ್ಲ. ಆಗ ನಡೆದದ್ದು ಈ ಉದ್ಯಮದ ಸ್ವಭಾವ ತಿಳಿಯಲು ಒಂದೇ ಸಾಕ್ಷಿ ಸಾಕು ಎನ್ನುವಂಥದ್ದು: ಗೋಧಿ ರಫ್ತಿಗೆ ಹೆಸರಾದ ಆಸ್ಟ್ರೇಲಿಯಾ 2019ರ ಮೇ ತಿಂಗಳಲ್ಲಿ ಕೆನಡಾದಿಂದ ಹಡಗಿನಲ್ಲಿ ಗೋಧಿ ತರಿಸಲು ಮನಿಲ್ಡ್ರಾಗೆ ಪರವಾನಗಿ ಕೊಟ್ಟಿತು. ಹನ್ನೆರಡು ವರ್ಷಗಳಲ್ಲಿ ಅಂಥ ಆಮದು ನಡೆದಿರಲಿಲ್ಲ. ಪಶ್ಚಿಮ ಆಸ್ಟ್ರೇಲಿಯಾದಲ್ಲಿ ಗೋಧಿ ಇತ್ತು, ಆದರೆ ಗ್ಲುಟೆನ್‌ಗೆ ಬೇಕಾದ ಪ್ರೋಟೀನ್ ಇರುವ ಗೋಧಿ ಸಾಕಷ್ಟಿರಲಿಲ್ಲ. ಹೊರಗಿನ ಕಳೆ ಬೀಜ, ರೋಗ ಒಳಬರಬಾರದೆಂದು ಬಂದರಿನಿಂದ ಕಾರ್ಖಾನೆಯವರೆಗೆ ಕಟ್ಟುನಿಟ್ಟಿನ ಷರತ್ತುಗಳಿದ್ದವು.

ಮಳೆಯ ವರ್ಷಗಳ ಕಷ್ಟ ಬೇರೆ ರೀತಿಯದು. 2022-23ರಂಥ ದಾಖಲೆ ಬೆಳೆಯಲ್ಲಿ ಕಾಳು ಹೆಚ್ಚಾಗಿ ಪ್ರೋಟೀನ್ ಹರಡಿಹೋಗುತ್ತದೆ. ಕೊಯ್ಲಿನ ಹೊತ್ತಿಗೆ ಮಳೆ ಹಿಡಿದರೆ ಕಾಳು ತೆನೆಯಲ್ಲೇ ಮೊಳೆಯುತ್ತದೆ. ಮೊಳೆತ ಕಾಳಿನ ಕಿಣ್ವಗಳು ಪಿಷ್ಟವನ್ನು ಒಡೆಯುತ್ತವೆ, ಗ್ಲುಟೆನನ್ನೂ ಸಡಿಲಗೊಳಿಸುತ್ತವೆ. ಎಥನಾಲ್ ತೊಟ್ಟಿಗೆ ಅಂಥ ಗೋಧಿ ಆಗುತ್ತದೆ, ಗ್ಲುಟೆನ್ ಸಾಲಿಗೆ ಆಗದು. ಮಾರುಕಟ್ಟೆಯ ಕಡೆಯಿಂದ ನೋಡಿದರೆ ಇದೇ ವರ್ಷಗಳಲ್ಲಿ ಗ್ಲುಟೆನ್‌ಗೆ ಬೇಡಿಕೆ ಏರುತ್ತದೆ. ಬ್ರೆಡ್ ಗಿರಣಿಗಳು ದುರ್ಬಲ ಹಿಟ್ಟಿಗೆ ಗ್ಲುಟೆನ್ ಸೇರಿಸಿ ಬಲ ತುಂಬುತ್ತವೆ. ನೂರು ಕಿಲೋ ಹಿಟ್ಟಿಗೆ ಒಂದು ಕಿಲೋ ಗ್ಲುಟೆನ್ ಸೇರಿಸಿದರೆ ಪ್ರೋಟೀನ್ ಸುಮಾರು ಶೇ 0.6ರಷ್ಟು ಏರುತ್ತದೆ. ಕಲಸುವಾಗ ಒಂದೂವರೆ ಲೀಟರ್ ನೀರು ಹೆಚ್ಚಿಗೆ ಹಾಕಬೇಕು. ಹಾಕದಿದ್ದರೆ ಹಿಟ್ಟು ಬಿರುಸಾಗಿ ಬ್ರೆಡ್ ಉಬ್ಬುವುದಿಲ್ಲ.

ಎಥನಾಲ್ ಎಂಬ ದಾರಿ

ಎರಡೂವರೆ ಕೋಟಿಗಿಂತ ಸ್ವಲ್ಪ ಹೆಚ್ಚು ಜನರಿರುವ ದೇಶದಲ್ಲಿ ಗೋಧಿ ಪಿಷ್ಟದ ಮಾರುಕಟ್ಟೆ ಚಿಕ್ಕದು. ಬೊಮಡೆರಿಯಲ್ಲಿ 1990ರ ದಶಕದಿಂದ ಉಳಿಕೆ ಪಿಷ್ಟವನ್ನು ಹುದುಗಿಸಿ ಎಥನಾಲ್ ಮಾಡುತ್ತಿರುವುದು ಇದಕ್ಕೇ. ಒಂದು ಕಿಲೋ ಒಣ ಪಿಷ್ಟದಿಂದ ರಸಾಯನಶಾಸ್ತ್ರದ ಲೆಕ್ಕದಲ್ಲಿ 0.72 ಲೀಟರ್ ಬರಬೇಕು, ನಡೆಯುವ ಕಾರ್ಖಾನೆಯಲ್ಲಿ 0.65ರ ಆಸುಪಾಸು ಸಿಗುತ್ತದೆ. ಭಟ್ಟಿಯಲ್ಲಿ ಉಳಿದ ಗಟ್ಟಿ ಭಾಗ ಒಣಗಿ ಮೇವಾಗುತ್ತದೆ.

ಈ ದಾರಿಯನ್ನು ತೆರೆದಿಟ್ಟಿರುವುದು ಸರ್ಕಾರದ ನೀತಿ. ನ್ಯೂ ಸೌತ್ ವೇಲ್ಸ್ 2007ರಲ್ಲಿ ಜೈವಿಕ ಇಂಧನ ಕಾನೂನು ತಂದು ಪೆಟ್ರೋಲ್ ಮಾರಾಟದಲ್ಲಿ ಶೇ 2ರಷ್ಟು ಎಥನಾಲ್ ಕಡ್ಡಾಯ ಮಾಡಿತು. ಆಮೇಲೆ ಗುರಿಯನ್ನು ಶೇ 6ಕ್ಕೆ ಏರಿಸಿತು. ಬಂಕ್‌ಗೆ ಬರುವವರು ಎಥನಾಲ್ ಬೆರೆಸದ ಪೆಟ್ರೋಲನ್ನೇ ಕೇಳುತ್ತಿದ್ದುದರಿಂದ ಆ ಗುರಿ ಮುಟ್ಟಲೇ ಇಲ್ಲ. 2009ರಲ್ಲಿ ಬೊಮಡೆರಿಯ ಎಥನಾಲ್ ಸಾಮರ್ಥ್ಯವನ್ನು ವರ್ಷಕ್ಕೆ 12.6 ಕೋಟಿ ಲೀಟರ್‌ನಿಂದ 30 ಕೋಟಿಗೆ ಏರಿಸಲು ಒಪ್ಪಿಗೆ ಸಿಕ್ಕಿತು. ದೇಶೀಯ ಎಥನಾಲ್‌ಗೆ ಒಕ್ಕೂಟ ಸರ್ಕಾರ ಕೊಡುತ್ತಿದ್ದ ಉತ್ಪಾದನಾ ಸಹಾಯಧನ 2015ರ ಜೂನ್‌ಗೆ ನಿಂತಿತು. ವಿದ್ಯುತ್ ಕಾರುಗಳು ಹೆಚ್ಚಿದಂತೆ ಪೆಟ್ರೋಲ್ ಮಾರಾಟವೇ ಕುಗ್ಗುತ್ತದೆ, ಬೆರೆಸುವ ಎಥನಾಲೂ ಅದರ ಜೊತೆ ಕುಗ್ಗುತ್ತದೆ. ಗ್ಲುಟೆನ್ ರಫ್ತಿನ ಮುಂದಿನ ಹತ್ತು ವರ್ಷ ಅಳೆಯುವವರು ಅಮೆರಿಕದ ಬೇಕರಿಗಳಷ್ಟೇ ಗಮನವಾಗಿ ಸಿಡ್ನಿಯ ಪೆಟ್ರೋಲ್ ಬಂಕುಗಳನ್ನೂ ನೋಡಬೇಕು ಎಂಬುದು ನಮ್ಮ ಖಚಿತ ಅಭಿಪ್ರಾಯ.

ಇದರ ಬೆಲೆಯನ್ನು ಊರಿನವರೂ ತೆತ್ತಿದ್ದಾರೆ. ಪಿಷ್ಟದ ನೀರು, ಭಟ್ಟಿಯ ಕಸ ಬೇಗ ಕೊಳೆಯುತ್ತವೆ. ಕಾರ್ಖಾನೆಯ ಕೊಳಚೆ ನೀರನ್ನು ಸುತ್ತಲಿನ ಸುಮಾರು 1,000 ಹೆಕ್ಟೇರ್ ಹೊಲಗಳಿಗೆ ಹಾಯಿಸುವ ವ್ಯವಸ್ಥೆ ಇದೆ. ದುರ್ವಾಸನೆಯ ದೂರು ನ್ಯೂ ಸೌತ್ ವೇಲ್ಸ್‌ನ ಭೂಮಿ ಮತ್ತು ಪರಿಸರ ನ್ಯಾಯಾಲಯದವರೆಗೂ ಹೋಗಿ 2006ರಲ್ಲಿ ಕಂಪನಿಗೆ ಶಿಕ್ಷೆಯಾಯಿತು. 2009ರ ವಿಸ್ತರಣೆಗೆ ಒಪ್ಪಿಗೆ ಸಿಗುವಾಗ ವಾಸನೆ ತಡೆಯುವ, ನೀರು ಶುದ್ಧೀಕರಿಸುವ ಷರತ್ತುಗಳು ಸೇರಿದವು. ಎಲ್ಲಿಯೇ ಆಗಲಿ ಇಂಥ ಕಾರ್ಖಾನೆಯ ಬಗ್ಗೆ ಮಾತನಾಡುವಾಗ ಈ ಖರ್ಚನ್ನು ಯೋಜನೆಯ ಮೊದಲ ಪುಟದಲ್ಲೇ ಬರೆಯಬೇಕು.

ಅಮೆರಿಕದ ಬಾಗಿಲು

1990ರ ದಶಕದಲ್ಲಿ ಯುರೋಪಿನ ಪಿಷ್ಟ ಕಾರ್ಖಾನೆಗಳು ಬೆಳೆದವು. ಅವುಗಳಿಗೆ ಪಿಷ್ಟವೇ ಮುಖ್ಯ ಸರಕು, ಗ್ಲುಟೆನ್ ಜೊತೆಗೆ ಬರುವ ಉಳಿಕೆ. ಆ ಗ್ಲುಟೆನ್ ಆಮದಿನಿಂದ ಪೆಟ್ಟು ಬಿತ್ತೆಂದು ಅಮೆರಿಕದ ಗ್ಲುಟೆನ್ ತಯಾರಕರು ಸರ್ಕಾರದ ಮೊರೆಹೋದರು. ಅಧ್ಯಕ್ಷ ಕ್ಲಿಂಟನ್ 1998ರ ಜೂನ್ 1ರಿಂದ ಮೂರು ವರ್ಷಕ್ಕೆ ಆಮದು ಕೋಟಾ ಹೇರಿದರು. ಮೊದಲ ವರ್ಷದ ಮಿತಿ 57,521 ಟನ್. ಅದರಲ್ಲಿ ಆಸ್ಟ್ರೇಲಿಯಾಕ್ಕೆ 28,315, ಯುರೋಪ್ ಒಕ್ಕೂಟಕ್ಕೆ 24,513, ಉಳಿದವರಿಗೆ 4,693. ಒಂದೇ ದೇಶವಾದ ಆಸ್ಟ್ರೇಲಿಯಾದ ಪಾಲು ಇಡೀ ಯುರೋಪ್ ಒಕ್ಕೂಟದ ಪಾಲಿಗಿಂತ ಹೆಚ್ಚಿತ್ತು ಎಂಬುದು ಗಮನಿಸಬೇಕಾದ ಮಾತು.

ಯುರೋಪ್ ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಕೊಟ್ಟಿತು. ಹಾನಿಯ ತನಿಖೆಯಲ್ಲಿ ಕೆನಡಾದ ಆಮದನ್ನೂ ಲೆಕ್ಕಕ್ಕೆ ಹಿಡಿದು, ಕೋಟಾ ಹೇರುವಾಗ ಮಾತ್ರ ಕೆನಡಾವನ್ನು ಹೊರಗಿಟ್ಟದ್ದು ತಪ್ಪು ಎಂದು 2000ದ ಡಿಸೆಂಬರ್‌ನಲ್ಲಿ ಮೇಲ್ಮನವಿ ಮಂಡಳಿ ಹೇಳಿತು. ಆಮದು ನಿರ್ಬಂಧದ ಮೊಕದ್ದಮೆಗಳಲ್ಲಿ ಈ ತೀರ್ಪನ್ನು ಇಂದಿಗೂ ಉದ್ಧರಿಸುತ್ತಾರೆ. 2001ರ ಜೂನ್‌ನಲ್ಲಿ ಕೋಟಾ ಮುಗಿಯಿತು. ಬದಲಿಗೆ ಅಮೆರಿಕ ತನ್ನ ತಯಾರಕರಿಗೆ ಎರಡು ವರ್ಷದಲ್ಲಿ 4 ಕೋಟಿ ಡಾಲರ್ ನೆರವು ಕೊಟ್ಟು ಸಾದಾ ಗ್ಲುಟೆನ್ ಬಿಟ್ಟು ಹೆಚ್ಚು ಬೆಲೆಯ ವಿಶೇಷ ಗೋಧಿ ಪ್ರೋಟೀನ್‌ಗಳ ಕಡೆ ತಿರುಗಿಸಿತು. 2005ರ ಜನವರಿಯಲ್ಲಿ ಆಸ್ಟ್ರೇಲಿಯಾ ಮತ್ತು ಅಮೆರಿಕದ ಮುಕ್ತ ವ್ಯಾಪಾರ ಒಪ್ಪಂದ ಜಾರಿಯಾಯಿತು. 2025ರ ಏಪ್ರಿಲ್‌ನಲ್ಲಿ, ಆ ಒಪ್ಪಂದ ಇದ್ದಾಗಲೇ, ಅಮೆರಿಕ ಆಸ್ಟ್ರೇಲಿಯಾದ ಸರಕಿನ ಮೇಲೆ ಶೇ 10ರ ಸುಂಕ ಘೋಷಿಸಿತು. ಪ್ರತಿಸ್ಪರ್ಧಿ ಯುರೋಪಿಗೆ ಬಿದ್ದ ಸುಂಕ ಅದಕ್ಕಿಂತ ಹೆಚ್ಚಾದ್ದರಿಂದ ಪೆಟ್ಟು ಅಷ್ಟರಮಟ್ಟಿಗೆ ತಗ್ಗಿತು. ಆದರೆ ಲಾಭದ ಅಂಚು ತೆಳುವಾಗಿರುವ ಸರಕಿನಲ್ಲಿ ಶೇ 10 ಸಣ್ಣ ಮೊತ್ತವಲ್ಲ. ಮನಿಲ್ಡ್ರಾ ಸಮೂಹ ಅಯೋವಾದ ಹ್ಯಾಂಬರ್ಗ್‌ನಲ್ಲೂ ಕಾರ್ಖಾನೆ ಇಟ್ಟುಕೊಂಡಿರುವುದರ ಬೆಲೆ ಇಂಥ ಹೊತ್ತಿನಲ್ಲಿ ಗೊತ್ತಾಗುತ್ತದೆ.

ಕರಾರಿನಲ್ಲಿ ಏನು ಬರೆಯಬೇಕು

2007ರ ಮಾರ್ಚ್‌ನಲ್ಲಿ ಅಮೆರಿಕದಲ್ಲಿ ನಾಯಿ ಬೆಕ್ಕುಗಳು ಮೂತ್ರಪಿಂಡ ಕೆಟ್ಟು ಸಾಯತೊಡಗಿದವು. ಸಾಕುಪ್ರಾಣಿ ಆಹಾರ ಮಾಡುವ ಮೆನು ಫುಡ್ಸ್ ಕಂಪನಿ ಕೋಟ್ಯಂತರ ಡಬ್ಬಿ ಆಹಾರ ಹಿಂದಕ್ಕೆ ಪಡೆಯಿತು. ಚೀನಾದಿಂದ ಗ್ಲುಟೆನ್ ಹೆಸರಿನಲ್ಲಿ ಬಂದು ಆ ಆಹಾರಕ್ಕೆ ಸೇರಿದ್ದ ಪುಡಿಯಲ್ಲಿ ಮೆಲಮಿನ್ ಎಂಬ ಪ್ಲಾಸ್ಟಿಕ್ ತಯಾರಿಕೆಯ ರಾಸಾಯನಿಕ ಇತ್ತು. ಪ್ರಯೋಗಾಲಯದ ಮಾಮೂಲಿ ಪರೀಕ್ಷೆ ಪ್ರೋಟೀನನ್ನು ನೇರ ಅಳೆಯುವುದಿಲ್ಲ. ಸಾರಜನಕ ಅಳೆದು ಒಂದು ಅಂಕಿಯಿಂದ ಗುಣಿಸುತ್ತದೆ. ಮೆಲಮಿನ್‌ನ ಮೂರರಲ್ಲಿ ಎರಡು ಪಾಲು ಸಾರಜನಕವೇ. ಹಿಟ್ಟಿಗೆ ಶೇ 1ರಷ್ಟು ಮೆಲಮಿನ್ ಬೆರೆಸಿದರೆ ಕಾಗದದ ಮೇಲೆ ಪ್ರೋಟೀನ್ ಶೇ 4ರಷ್ಟು ಏರುತ್ತದೆ. ಅದೇ ಪುಡಿಯನ್ನು ನಾದಿ ನೋಡಿದ್ದರೆ ಗುಟ್ಟು ಬಯಲಾಗುತ್ತಿತ್ತು, ಮೆಲಮಿನ್ ಹಿಟ್ಟನ್ನು ಹಿಗ್ಗಿಸುವುದಿಲ್ಲ.

ಆದ್ದರಿಂದ ಕೊಳ್ಳುವವರು ಕರಾರಿನಲ್ಲಿ ಮೂರು ಸಂಗತಿ ಸ್ಪಷ್ಟವಾಗಿ ಬರೆಸಬೇಕು. ಮೊದಲನೆಯದು ಗುಣಕ, ಅಂದರೆ ಸಾರಜನಕವನ್ನು ಗುಣಿಸುವ ಆ ಅಂಕಿ. ಅಂತರರಾಷ್ಟ್ರೀಯ ಆಹಾರ ಮಾನದಂಡವಾದ ಕೋಡೆಕ್ಸ್, ವೈಟಲ್ (ಹಿಗ್ಗುವ ಗುಣ ಉಳಿದ) ಗ್ಲುಟೆನ್‌ಗೆ ಒಣ ತೂಕದಲ್ಲಿ ಶೇ 80 ಪ್ರೋಟೀನ್ ಕೇಳುತ್ತದೆ, ಆದರೆ 6.25ರ ಗುಣಕದಲ್ಲಿ. ಗೋಧಿ ವ್ಯಾಪಾರದಲ್ಲಿ ರೂಢಿಯಲ್ಲಿರುವುದು 5.7. ಶೇ 80 ಎಂಬ ಸರಕನ್ನು 5.7ರಲ್ಲಿ ಅಳೆದರೆ ಶೇ 73. ಗುಣಕ ಬರೆಯದ ಕರಾರಿನಲ್ಲಿ ಸರಕು ಬಂದ ಮೇಲೆ ಜಗಳ ಖಾತ್ರಿ. ಎರಡನೆಯದು ಜೀವಂತಿಕೆಯ ಪರೀಕ್ಷೆ. 10 ಗ್ರಾಂ ಪುಡಿಗೆ 15-16 ಮಿಲಿ ನೀರು ಹಾಕಿ ನಾದಿದರೆ ಒಂದೆರಡು ನಿಮಿಷದಲ್ಲಿ ಹರಿಯದೆ ಹಿಗ್ಗುವ ಒಂದೇ ಉಂಡೆಯಾಗಬೇಕು. ಪುಡಿಪುಡಿಯಾಗಿ ಉಳಿದರೆ ಡ್ರೈಯರ್‌ನಲ್ಲಿ ಬೆಂದ ಸರಕು. ಮೀನಿನ ಆಹಾರ, ನಾಯಿಯ ಆಹಾರಕ್ಕೆ ಅದು ನಡೆಯಬಹುದು, ಬ್ರೆಡ್‌ಗೆ ನಡೆಯದು. ಮೂರನೆಯದು ತೇವಾಂಶ, ಕೋಡೆಕ್ಸ್ ಪ್ರಕಾರ ಗರಿಷ್ಠ ಶೇ 10. ಸಮಭಾಜಕ ದಾಟುವ ಕಂಟೇನರ್‌ನ ಒಳಛಾವಣಿಯಲ್ಲಿ ಹನಿಗಟ್ಟಿದ ನೀರು ಮೇಲಿನ ಚೀಲಗಳ ಮೇಲೆ ಬೀಳುತ್ತದೆ. ಒಳಪದರ ಇಲ್ಲದ ಕಾಗದದ ಚೀಲದಲ್ಲಿ ಗಂಟು ಕಟ್ಟಿ ಬೂಷ್ಟು ಹಿಡಿಯುತ್ತದೆ.

ಭಾರತದ ವ್ಯಾಪಾರಿಗಳಿಗೆ ಇನ್ನೊಂದು ಎಚ್ಚರ. ಮೆಕ್ಕೆಜೋಳದ ಪಿಷ್ಟ ಕಾರ್ಖಾನೆಯಿಂದ ಬರುವ ಹಳದಿ ಬಣ್ಣದ ‘ಕಾರ್ನ್ ಗ್ಲುಟೆನ್’ ಬೇರೆಯೇ ವಸ್ತು. ಅದು ಕೋಳಿ, ದನಗಳ ಮೇವು, ಹಿಗ್ಗುವ ಗುಣ ಅದಕ್ಕಿಲ್ಲ. ಸುಂಕದ ಪಟ್ಟಿಯಲ್ಲೂ ಗೋಧಿ ಗ್ಲುಟೆನ್ 1109ರಲ್ಲಿ, ಇದು 2303ರಲ್ಲಿ.

ನಮ್ಮಲ್ಲಿ ಯಾಕಿಲ್ಲ

2022ರ ಮೇ 13ರಂದು ಭಾರತ ಗೋಧಿ ರಫ್ತು ನಿಷೇಧಿಸಿತು, ಅದೇ ವರ್ಷ ಗೋಧಿ ಹಿಟ್ಟಿಗೂ ನಿರ್ಬಂಧ ಬಂತು. ಆದರೆ ನೀತಿಯೊಂದೇ ಅಡ್ಡಿಯಲ್ಲ. 2025-26ರಲ್ಲಿ ಗೋಧಿಯ ಬೆಂಬಲ ಬೆಲೆ ಕ್ವಿಂಟಲ್‌ಗೆ ₹2,425, ಮೆಕ್ಕೆಜೋಳದ್ದು ₹2,400. ಕಾಗದದಲ್ಲಿ ಎರಡೂ ಒಂದೇ. ಆದರೆ ಒಂದು ಕ್ವಿಂಟಲ್ ಮೆಕ್ಕೆಜೋಳದಿಂದ 60 ಕಿಲೋಗೂ ಹೆಚ್ಚು ಪಿಷ್ಟ ಬಂದರೆ, ಗೋಧಿಯಿಂದ ಬೂಸಾ ಕಳೆದು ಬರುವುದು 50 ಕಿಲೋ. 2025ರ ಕೊನೆಯಲ್ಲಿ ಮೆಕ್ಕೆಜೋಳದ ದರ ಬೆಂಬಲ ಬೆಲೆಗಿಂತ ಬಹಳ ಕೆಳಗೆ ಕುಸಿದು ಗದಗ, ಹಾವೇರಿಯ ರೈತರು ಬೀದಿಗಿಳಿದಿದ್ದರು. ಅಂಥ ಮಾರುಕಟ್ಟೆಯಲ್ಲಿ ಗೋಧಿ ಪಿಷ್ಟವನ್ನು ಕೊಳ್ಳುವವರು ಯಾರು?

ಲೆಕ್ಕ ಹಾಕಿ ನೋಡಬಹುದು. ಬೆಂಬಲ ಬೆಲೆಗೇ ಗೋಧಿ ಸಿಕ್ಕಿತು ಎಂದುಕೊಂಡರೆ 130 ಕಿಲೋಗೆ ಸುಮಾರು ₹3,150. ಬೂಸಾ ಕಿಲೋಗೆ ₹25ರಂತೆ ಹೋದರೆ ₹750 ವಾಪಸು. ಪಿಷ್ಟಕ್ಕೆ ಗಿರಾಕಿಯೇ ಇಲ್ಲದಿದ್ದರೆ ಉಳಿದ ₹2,400ನ್ನು 12 ಕಿಲೋ ಗ್ಲುಟೆನ್ ಹೊರಬೇಕು: ಕಿಲೋಗೆ ₹200, ಅದೂ ನೀರು, ಉರುವಲು, ಕೂಲಿ ಸೇರುವ ಮೊದಲು. ಅದೇ 65 ಕಿಲೋ ಪಿಷ್ಟ ಕಿಲೋಗೆ ₹25ರಂತೆ ಮಾರಾಟವಾದರೆ ಗ್ಲುಟೆನ್ ಮೇಲಿನ ಹೊರೆ ಕಿಲೋಗೆ ₹65ಕ್ಕೆ ಇಳಿಯುತ್ತದೆ.